ಪಿಎಸ್2: ನೀಲಿ ಡಿಸ್ಕ್ ಓಡುತ್ತದೆ, ಬೆಳ್ಳಿ ಡಿಸ್ಕ್ ಓಡುವುದಿಲ್ಲ. ಲೆನ್ಸ್ ಬದಲಿಸಲೇಬೇಕೇ?

ಗಣಿತದಕ್ಕ, ಕಲಬುರಗಿ

ಎಲ್ಲರಿಗೂ ನಮಸ್ಕಾರ. ನಮ್ಮ ಮನೆಯಲ್ಲಿ ತಮ್ಮನ ಹಳೆಯ ಪ್ಲೇಸ್ಟೇಷನ್ 2 (ಪಿಎಸ್2) ವಿಡಿಯೊ ಗೇಮ್ ಯಂತ್ರ ಇದೆ. ತೆಳ್ಳನೆಯ ಮಾದರಿ, ಮುಚ್ಚಳ ಎತ್ತಿ ಡಿಸ್ಕ್ ಕೂರಿಸುವಂಥದ್ದು, ಅಡಾಪ್ಟರ್ ಹೊರಗಿದೆ. ತಳದ ಚೀಟಿಯ ಮೇಲೆ 77000 ಸರಣಿಯ ನಂಬರು. ತಮ್ಮ ಈಗ ಪುಣೆಯಲ್ಲಿ ನೌಕರಿಯಲ್ಲಿದ್ದಾನೆ. ಅವನ ಮಗ ಬೇಸಿಗೆ ರಜೆಗೆ ನಮ್ಮಲ್ಲಿಗೆ ಬಂದಿದ್ದಾನೆ. ಹೊರಗೆ 42 ಡಿಗ್ರಿ ಬಿಸಿಲು. ಮಧ್ಯಾಹ್ನವೆಲ್ಲ ಹುಡುಗನ ಕೈಗೆ ಮೊಬೈಲ್ ಕೊಟ್ಟು ಕೂರಿಸಲು ನನಗೆ ಮನಸ್ಸಿಲ್ಲ. ಅಪ್ಪ ಆಡಿದ ಆಟಗಳನ್ನು ಅವನೂ ಆಡಲಿ ಎಂದು ಅಟ್ಟದಿಂದ ಇಳಿಸಿದ್ದೇನೆ.

ತಳ ನೀಲಿ ಬಣ್ಣವಿರುವ ಡಿಸ್ಕುಗಳು ಚೆನ್ನಾಗಿ ಓಡುತ್ತವೆ. ಮೊದಲನೆಯ ಪ್ಲೇಸ್ಟೇಷನ್ನಿನ ಕಪ್ಪು ಡಿಸ್ಕುಗಳೂ ಓಡುತ್ತವೆ. ತೊಂದರೆ ಇರುವುದು ಬೆಳ್ಳಿ ಬಣ್ಣದ ಡಿವಿಡಿಗಳಲ್ಲಿ. ಕೆಲವು ಬಹಳ ಹೊತ್ತು ಗಿರಗಿರ ತಿರುಗಿ ಕೊನೆಗೆ ಶುರುವಾಗುತ್ತವೆ. ಕೆಲವಕ್ಕೆ ಕೆಂಪು ಪರದೆ ಬಂದು, ಪ್ಲೇಸ್ಟೇಷನ್ ಡಿಸ್ಕ್ ಹಾಕಿ ಎಂದು ಇಂಗ್ಲಿಷಿನಲ್ಲಿ ತೋರಿಸಿ ನಿಂತುಬಿಡುತ್ತದೆ. ‘ಗಾಡ್ ಆಫ್ ವಾರ್’ ಶುರುವೇನೋ ಆಗುತ್ತದೆ, ಆದರೆ ಪ್ರತಿ ಸಲ ಒಂದೇ ಬಾಗಿಲ ಬಳಿ ಚಿತ್ರ ಗಟ್ಟಿಯಾಗಿ ನಿಲ್ಲುತ್ತದೆ. ಚಿಕ್ಕಪ್ಪನ ಮಗ ಅಮೆರಿಕದಿಂದ ತಂದುಕೊಟ್ಟ ಕಾರ್ ರೇಸಿನ ಡಿಸ್ಕ್ ಒಂದಿದೆ, ಗೀರಿಲ್ಲದೆ ಹೊಳೆಯುತ್ತಿದೆ. ಅದು ಹೊಸದರಲ್ಲೂ ಓಡಿರಲಿಲ್ಲ ಎನ್ನುತ್ತಾನೆ ತಮ್ಮ.

ಇನ್ನೊಂದು ಸಂಗತಿ. ಓಡದ ಬೆಳ್ಳಿ ಡಿಸ್ಕುಗಳ ತಳದಲ್ಲಿ ಕಂಪಾಸಿನಿಂದ ಎಳೆದಂತೆ ಒಂದು ದುಂಡು ಗೆರೆ ಇದೆ. ಕೈಜಾರಿ ಬಿದ್ದು ಆದ ಗೀರು ಇಷ್ಟು ಕರಾರುವಾಕ್ಕಾಗಿ ವೃತ್ತವಾಗಿರಲು ಸಾಧ್ಯವಿಲ್ಲ.

ಸೂಪರ್ ಮಾರ್ಕೆಟ್ ಕಡೆಯ ಒಂದು ಅಂಗಡಿಯಲ್ಲಿ ತೋರಿಸಿದೆ. ಮುಚ್ಚಳವನ್ನೂ ತೆರೆಯದೆ, ‘ಲೆನ್ಸ್ ಹೋಗಿದೆ, ಬದಲಿಸಬೇಕು, ಜೊತೆಗೆ ಚಿಪ್ ಹಾಕಿಸಿಕೊಳ್ಳಿ, ಕಾಪಿ ಡಿಸ್ಕ್ ಎಲ್ಲ ಓಡುತ್ತದೆ’ ಎಂದರು. ನನಗೆ ಒಪ್ಪಿಗೆಯಾಗಲಿಲ್ಲ. ಲೆನ್ಸ್ ಹೋಗಿದ್ದರೆ ನೀಲಿ ಡಿಸ್ಕ್ ಹೇಗೆ ಓಡುತ್ತದೆ? ತಿಳಿದವರು ಕಾರಣ ಸಹಿತ ಹೇಳಿದರೆ ಉಪಕಾರವಾಗುತ್ತದೆ.

ಭೀಮಾ ದಂಡೆ, ಯಾದಗಿರಿ

ಅಕ್ಕೋರೇ, ಡಿಸ್ಕಿನ ಮೇಲೆ ಬಿಳಿ ಟೂತ್‌ಪೇಸ್ಟ್ ಹಚ್ಚಿ ಮೆತ್ತನೆಯ ಬಟ್ಟೆಯಿಂದ ಉಜ್ಜಿ ತೊಳೆಯಿರಿ. ನನ್ನ ಒಂದು ಡಿಸ್ಕ್ ಹಾಗೆಯೇ ಬದುಕಿತು. ಅದಕ್ಕೂ ಬಗ್ಗದಿದ್ದರೆ ಲೆನ್ಸಿನ ಪಕ್ಕದಲ್ಲಿ ಸಣ್ಣ ತಿರುಪು ಇರುತ್ತದೆ, ಅದನ್ನು ಸ್ವಲ್ಪವೇ ತಿರುಗಿಸಿದರೆ ಡಿವಿಡಿ ಹಿಡಿಯುತ್ತದೆ. ನನ್ನ ಗೆಳೆಯ ಹೀಗೆ ಮಾಡಿ ಒಂದು ದಸರಾ ರಜೆ ಪೂರ್ತಿ ಆಡಿದ್ದಾನೆ.

ರಿಪೇರಿ ಕಾಕಾ, ಬೀದರ್

ತಂಗಿ, ನಾನು ಬೀದರಿನಲ್ಲಿ ರೇಡಿಯೊ, ಟೇಪ್ ರೆಕಾರ್ಡರ್, ವಿಸಿಡಿ ಪ್ಲೇಯರ್ ರಿಪೇರಿ ಮಾಡುತ್ತಲೇ ವಯಸ್ಸಾದವನು. ಎಲ್ಲಕ್ಕಿಂತ ಮೊದಲು ಹೇಳುವುದು: ಆ ತಿರುಪಿಗೆ ದಯವಿಟ್ಟು ಕೈ ಹಚ್ಚಬೇಡಿ. ಅದು ಲೇಸರಿಗೆ ಹರಿಯುವ ವಿದ್ಯುತ್ತನ್ನು ಹೆಚ್ಚು ಕಡಿಮೆ ಮಾಡುವ ಪುಟ್ಟ ಪೊಟೆನ್ಷಿಯೊಮೀಟರ್. ಹೆಚ್ಚಿಸಿದಾಗ ಓಡದ ಡಿಸ್ಕ್ ಓಡುವುದು ನಿಜ. ಆಮೇಲೆ ಲೇಸರ್ ಬೇಗ ಸಾಯುವುದೂ ಅಷ್ಟೇ ನಿಜ. ಯಾದಗಿರಿಯ ತಮ್ಮ ‘ಒಂದು ದಸರಾ ರಜೆ’ ಎಂದು ಬರೆದಿದ್ದಾನೆ. ದೀಪಾವಳಿಯ ಹೊತ್ತಿಗೆ ಆ ಯಂತ್ರ ಏನಾಗಿತ್ತು ಎಂದು ಅವನ ಗೆಳೆಯನನ್ನು ಕೇಳಬೇಕು. ಹೀಗೆ ತಿರುಗಿಸಿ ಕೆಡಿಸಿದ ಯಂತ್ರಗಳು ನನ್ನ ಮೇಜಿಗೆ ಬಂದಾಗಲೆಲ್ಲ ಹೊಟ್ಟೆ ಉರಿಯುತ್ತದೆ. ಇವುಗಳ ತಯಾರಿಕೆ 2013ರ ಹೊತ್ತಿಗೆ ನಿಂತುಹೋಯಿತು. ಇರುವುದನ್ನು ಉಳಿಸಿಕೊಳ್ಳಬೇಕು.

ಈಗ ನಿಮ್ಮ ಪ್ರಶ್ನೆ. ಲೆನ್ಸ್ ಒಂದೇ ಆದರೂ ಅದರ ಹಿಂದೆ ಬೆಳಕು ಎರಡು. ಸಿಡಿ ಓದಲು 780 ನ್ಯಾನೊಮೀಟರಿನ, ಕಣ್ಣಿಗೆ ಕಾಣದ ಅವಕೆಂಪು ಬೆಳಕು. ಡಿವಿಡಿ ಓದಲು 650 ನ್ಯಾನೊಮೀಟರಿನ ಕೆಂಪು ಬೆಳಕು. ನೀಲಿ ತಳದವು, ಕಪ್ಪು ತಳದವು ಎಲ್ಲವೂ ಸಿಡಿಗಳು. ಆದ್ದರಿಂದ ಡಿವಿಡಿಯ ಲೇಸರ್ ಮಾತ್ರ ಸೊರಗಿ, ಸಿಡಿಯದು ಗಟ್ಟಿಯಾಗಿ ಉಳಿಯುವುದು ಸಾಧ್ಯ. ಅಂಗಡಿಯವರ ಮಾತು ಪೂರ್ತಿ ಸುಳ್ಳೆಂದು ನಾನು ಹೇಳುವುದಿಲ್ಲ. ಆದರೆ ಯಂತ್ರ ತೆರೆಯದೆ, ಡಿಸ್ಕ್ ತಿರುವಿ ನೋಡದೆ ಹೇಗೆ ಹೇಳಿದರು? ಯಾವ ಡಿಸ್ಕ್ ಓಡುತ್ತದೆ, ಯಾವುದು ಓಡುವುದಿಲ್ಲ, ಎಲ್ಲಿ ನಿಲ್ಲುತ್ತದೆ ಎಂಬ ಮೂರು ವಿಷಯ ತಿಳಿದರೆ ರೋಗ ಅರ್ಧ ಗೊತ್ತಾದ ಹಾಗೆ. ನೀವು ಅದನ್ನು ಬಹಳ ಚೆನ್ನಾಗಿ ಬರೆದಿದ್ದೀರಿ.

ಅಮೆರಿಕದ ಡಿಸ್ಕನ್ನು ಲೆಕ್ಕದಿಂದ ತೆಗೆದುಬಿಡಿ. ಅದರ ಮೇಲೆ ಸಣ್ಣ ಅಕ್ಷರದಲ್ಲಿ ಎಸ್‌ಎಲ್‌ಯುಎಸ್ ಅಥವಾ ಎಸ್‌ಸಿಯುಎಸ್ ಎಂದು ಇರುತ್ತದೆ, ನೋಡಿ. ನಿಮ್ಮ ಉಳಿದ ಡಿಸ್ಕುಗಳ ಮೇಲೆ ಎಸ್‌ಎಲ್‌ಇಎಸ್ ಅಥವಾ ಎಸ್‌ಸಿಇಎಸ್ ಇರಬೇಕು. ನಮ್ಮ ದೇಶದಲ್ಲಿ ಮಾರಿದ ಯಂತ್ರ ಪಾಲ್ ಎಂಬ ಟಿವಿ ಪದ್ಧತಿಯದು, ಅಮೆರಿಕದ್ದು ಎನ್‌ಟಿಎಸ್‌ಸಿ ಎಂಬ ಬೇರೆ ಪದ್ಧತಿಯದು. ಒಂದು ವಲಯದ ಡಿಸ್ಕನ್ನು ಇನ್ನೊಂದು ವಲಯದ ಯಂತ್ರ ಒಪ್ಪುವುದಿಲ್ಲ, ಅದೇ ಕೆಂಪು ಪರದೆ ತೋರಿಸುತ್ತದೆ. ಡಿಸ್ಕ್ ಕೆಟ್ಟಾಗಲೂ ಅದೇ ಪರದೆ ಬರುವುದರಿಂದ ಜನ ಮೋಸ ಹೋಗುತ್ತಾರೆ.

‘ಗಾಡ್ ಆಫ್ ವಾರ್’ ಪ್ರತಿ ಸಲ ಒಂದೇ ಬಾಗಿಲ ಬಳಿ ನಿಲ್ಲುತ್ತದೆ ಎಂದಿರಿ. ಒಂದೇ ಜಾಗದಲ್ಲಿ ನಿಂತರೆ ದೋಷ ಡಿಸ್ಕಿನ ಮೇಲಿದೆ. ಒಂದೊಂದು ಸಲ ಒಂದೊಂದು ಕಡೆ ನಿಂತರೆ ಯಂತ್ರದಲ್ಲಿದೆ. ನಲವತ್ತು ರೂಪಾಯಿಯ ವಿಸಿಡಿ ಕಾಲದಿಂದಲೂ ನಾನು ಮೊದಲು ನೋಡುವುದು ಇದನ್ನೇ.

ಉಳಿದದ್ದು ಆ ದುಂಡು ಗೆರೆ. ನನ್ನ ಅನುಮಾನವೆಲ್ಲ ಅದರ ಮೇಲೆ. ಸ್ಲಿಮ್ ಮಾದರಿಯಲ್ಲಿ ಲೆನ್ಸ್ ಕೂತ ತಟ್ಟೆಗೂ ಕೆಳಗಿನ ಬೋರ್ಡಿಗೂ ನಡುವೆ ಒಂದು ಅಗಲವಾದ ತೆಳು ಪಟ್ಟಿ ಇರುತ್ತದೆ, ತಂತಿಗಳೆಲ್ಲ ಅದರೊಳಗೆ. ಲೆನ್ಸ್ ಹಿಂದೆ ಮುಂದೆ ಸರಿದಂತೆ ಪಟ್ಟಿ ಮಡಿಸಿಕೊಳ್ಳುತ್ತದೆ, ಬಿಚ್ಚಿಕೊಳ್ಳುತ್ತದೆ. ವರ್ಷಗಳು ಕಳೆದು ಅದು ಪೆಡಸಾದರೆ ಮಡಿಕೆ ಮೇಲಕ್ಕೆ ಉಬ್ಬಿ, ತಿರುಗುವ ಡಿಸ್ಕಿನ ತಳಕ್ಕೆ ತಾಗುತ್ತದೆ. ಹಾಗೆ ತಾಗಿದರೆ ಗೀರು ವೃತ್ತವಾಗಿಯೇ ಬೀಳುತ್ತದೆ.

ನನ್ನ ಮಾತನ್ನು ನಂಬಿ ಕೂರಬೇಡಿ, ಪರೀಕ್ಷೆ ಮಾಡಿ. ಯಾವುದಾದರೂ ಬೇಡವಾದ ಸಿನಿಮಾ ಡಿವಿಡಿ ತೆಗೆದುಕೊಳ್ಳಿ. ಶಾಲೆಯ ಬಿಳಿ ಹಲಗೆಗೆ ಬರೆಯುವ ಮಾರ್ಕರಿನಿಂದ ಅದರ ತಳದಲ್ಲಿ ಕೇಂದ್ರದಿಂದ ಅಂಚಿನವರೆಗೆ ಒಂದೇ ಒಂದು ತೆಳು ಗೆರೆ, ಅಂದರೆ ತ್ರಿಜ್ಯ, ಎಳೆಯಿರಿ. ಆರಲು ಬಿಡಿ. ಹಾಕಿ, ಸಿನಿಮಾವನ್ನು ಮೊದಲಿನಿಂದ ಕೊನೆಯವರೆಗೆ ಅಲ್ಲಲ್ಲಿ ಮುಂದಕ್ಕೆ ಓಡಿಸಿ, ಹೊರಗೆ ತೆಗೆದು ನೋಡಿ. ಗೆರೆ ನಡುವೆ ಎಲ್ಲಾದರೂ ಅಳಿಸಿದ್ದರೆ ಪಟ್ಟಿ ಅಲ್ಲಿ ತಾಗುತ್ತಿದೆ. ಈ ತೆಳು ಗೆರೆಯಿಂದ ಓದುವುದಕ್ಕೆ ಅಡ್ಡಿಯಾಗುವುದಿಲ್ಲ. ಡಿಸ್ಕಿನಲ್ಲಿ ಮಾಹಿತಿಯನ್ನು ಒಂದೇ ಉದ್ದನೆಯ ಸುರುಳಿಯಾಗಿ ಬರೆದಿರುತ್ತದೆ. ಅಡ್ಡ ಗೀರು ಆ ಸುರುಳಿಯ ಒಂದೊಂದು ಸುತ್ತಿನಲ್ಲೂ ಸ್ವಲ್ಪವೇ ಅಕ್ಷರವನ್ನು ನುಂಗುತ್ತದೆ, ಅಷ್ಟನ್ನು ಯಂತ್ರ ಲೆಕ್ಕ ಹಾಕಿ ತುಂಬಿಕೊಳ್ಳುತ್ತದೆ. ಸಿಡಿಯಲ್ಲೇ ಸುಮಾರು 2.5 ಮಿಲಿಮೀಟರ್ ಉದ್ದದ ನಷ್ಟವನ್ನು ಹಾಗೆ ಪೂರ್ತಿ ತುಂಬಬಲ್ಲದು. ದುಂಡು ಗೀರು ಸುರುಳಿಯ ಜೊತೆಗೇ ಸಾಗುವುದರಿಂದ ತುಂಬಿಕೊಳ್ಳಲು ಏನೂ ಉಳಿದಿರುವುದಿಲ್ಲ.

ಇನ್ನೆರಡು ಪ್ರಶ್ನೆ: ನೀಲಿ ಡಿಸ್ಕಿನ ತಳದಲ್ಲೂ ಅದೇ ಗೆರೆ ಇದೆಯೇ, ಟ್ಯೂಬ್‌ಲೈಟಿಗೆ ಓರೆಯಾಗಿ ಹಿಡಿದು ನೋಡಿ. ಮತ್ತು ಯಂತ್ರವನ್ನು ಕೂಲರಿನ ಎದುರು ಇಟ್ಟಿದ್ದೀರಾ?

ಗಣಿತದಕ್ಕ, ಕಲಬುರಗಿ

ಕಾಕಾ, ಇಷ್ಟು ವಿವರವಾಗಿ ಬರೆದದ್ದಕ್ಕೆ ಎಷ್ಟು ಕೃತಜ್ಞತೆ ಹೇಳಿದರೂ ಸಾಲದು. ಅಮೆರಿಕದ ಡಿಸ್ಕಿನ ಮೇಲೆ ಎಸ್‌ಎಲ್‌ಯುಎಸ್ ಎಂದೇ ಇದೆ.

ಮಾರ್ಕರ್ ಪರೀಕ್ಷೆ ಮಾಡಿದೆ. ಯಾರದೋ ಮದುವೆಯ ಡಿವಿಡಿ ಇತ್ತು, ಎರಡನೆಯ ಪ್ರತಿ. ಗೆರೆ ಎಳೆದು, ಮುಂದಕ್ಕೆ ಓಡಿಸುತ್ತಾ ಅಕ್ಕಿಕಾಳಿನವರೆಗೂ ನೋಡಿ ತೆಗೆದೆವು. ತ್ರಿಜ್ಯದ ಮೇಲೆ ಕೇಂದ್ರದಿಂದ ನಾಲ್ಕೂವರೆ ಸೆಂಟಿಮೀಟರ್ ದೂರದಲ್ಲಿ ಗೆರೆ ತುಂಡಾಗಿತ್ತು! ಅಳಿಸಿದ ಜಾಗ ಎರಡು ಮಿಲಿಮೀಟರ್ ಅಗಲ, ಅದರ ಎರಡೂ ಬದಿ ಶಾಯಿ ಹಾಗೆಯೇ ಇದೆ. ಸ್ಕೇಲ್ ಹಿಡಿದು ಉಳಿದ ಡಿಸ್ಕುಗಳ ದುಂಡು ಗೆರೆಯನ್ನೂ ಅಳೆದೆ. ಎಲ್ಲದರಲ್ಲೂ ಅದೇ ನಾಲ್ಕೂವರೆ. ಹುಡುಗ ತಾನೇ ಕಂಡುಹಿಡಿದವನಂತೆ ಮನೆಯೆಲ್ಲ ಕೂಗಾಡಿದ.

ನೀಲಿ ಡಿಸ್ಕುಗಳಲ್ಲೂ ಗೆರೆ ಇದೆ. ನೀವು ಹೇಳಿದಂತೆ ಓರೆಯಾಗಿ ಹಿಡಿದಾಗ ಕಂಡಿತು. ಹಾಗಿದ್ದರೆ ಅವು ಓಡುವುದು ಹೇಗೆ? ನನ್ನ ಮೊದಲ ಪ್ರಶ್ನೆ ಮತ್ತೆ ಎದ್ದು ನಿಂತಿದೆ.

ಕೂಲರ್ ಪಕ್ಕದಲ್ಲೇ ಇದೆ. ಮೇ ತಿಂಗಳಲ್ಲಿ ನಮ್ಮ ಮನೆಯಲ್ಲಿ ಎಲ್ಲವೂ ಕೂಲರಿನ ಪಕ್ಕದಲ್ಲೇ ಇರುತ್ತದೆ. ನೀರು ಬೋರ್‌ವೆಲ್ಲಿನದು.

ರಿಪೇರಿ ಕಾಕಾ, ಬೀದರ್

ಭೇಷ್ ತಂಗಿ! ಹೀಗೆ ಅಳೆದು ತೋರಿಸುವವರು ಸಿಕ್ಕರೆ ರಿಪೇರಿಗೆ ಎಷ್ಟು ಹುರುಪು ಬರುತ್ತದೆ.

ನೀಲಿ ಡಿಸ್ಕ್ ಓಡುವ ಕಾರಣ ಕೇಳಿ. ಸಿಡಿಯೂ ಡಿವಿಡಿಯೂ 1.2 ಮಿಲಿಮೀಟರ್ ದಪ್ಪ. ಆದರೆ ಸಿಡಿಯಲ್ಲಿ ಮಾಹಿತಿ ಇರುವುದು ಮೇಲ್ಗಡೆ, ಹೆಸರು ಅಚ್ಚಾದ ಬದಿಯ ಬಣ್ಣದ ಕೆಳಗೇ. ತಳದಿಂದ ಹೊರಟ ಬೆಳಕು ಅಷ್ಟೂ ದಪ್ಪ ದಾಟಿ ಅಲ್ಲಿ ಚುಕ್ಕೆಯಾಗುತ್ತದೆ. ತಳದ ಮೇಲ್ಮೈಯಲ್ಲಿ ಬೆಳಕು ಇನ್ನೂ ಅಗಲವಾಗಿ ಹರಡಿರುವುದರಿಂದ ಸಣ್ಣ ಗೀರು ಅದರ ಒಂದು ಪಾಲನ್ನಷ್ಟೇ ತಡೆಯುತ್ತದೆ. ಡಿವಿಡಿಯಲ್ಲಿ ಮಾಹಿತಿ ನಟ್ಟನಡುವೆ, ತಳದಿಂದ 0.6 ಮಿಲಿಮೀಟರ್ ಆಳದಲ್ಲಿದೆ. ಅಲ್ಲಿ ತಳದ ಮೇಲೆ ಬೆಳಕಿನ ಅಗಲ ಕಡಿಮೆ, ಅದೇ ಗೀರು ಹೆಚ್ಚು ಪಾಲನ್ನು ನುಂಗುತ್ತದೆ. ಸುರುಳಿಯ ಒಂದು ಸುತ್ತಿಗೂ ಇನ್ನೊಂದಕ್ಕೂ ಸಿಡಿಯಲ್ಲಿ 1.6 ಮೈಕ್ರಾನ್ ಅಂತರ, ಡಿವಿಡಿಯಲ್ಲಿ 0.74. ಅಷ್ಟು ಒತ್ತೊತ್ತಾಗಿ ಬರೆದಿರುವಾಗ ಲೇಸರ್ ದಾರಿ ತಪ್ಪುವುದೂ ಸುಲಭ. ಗೀರು ಒಂದೇ, ಆದರೆ ಸಿಡಿ ತಾಳಿಕೊಂಡಿತು, ಡಿವಿಡಿಗೆ ಆಗಲಿಲ್ಲ.

ಕೂಲರಿನ ವಿಷಯ ಬೇರೆ, ಮತ್ತು ನಿಮ್ಮ ಎರಡನೆಯ ತೊಂದರೆ ಅದೇ ಎಂದು ನನಗೆ ಅನ್ನಿಸುತ್ತದೆ. ಗೆರೆ ಇಲ್ಲದ ಡಿವಿಡಿಗಳೂ ತಡವಾಗಿ ಶುರುವಾಗುತ್ತವಲ್ಲ? ಬೋರ್‌ವೆಲ್ ನೀರಿನ ತುಂತುರು ಗಾಳಿಯಲ್ಲಿ ಬಂದು ಆರಿದಲ್ಲಿ ಬಿಳಿ ಪೊರೆ ಉಳಿಯುತ್ತದೆ. ಕೂಲರಿನ ಹುಲ್ಲಿನ ಮೇಲೆ ಕಟ್ಟುವ ಸುಣ್ಣ ನೋಡಿದ್ದೀರಿ. ಅದಕ್ಕೆ ನಮ್ಮ ಕಡೆಯ ಧೂಳು ಅಂಟುತ್ತದೆ. ತೊಗರಿ ರಾಶಿಯ ಕಾಲದಲ್ಲಿ ಕೇಳುವುದೇ ಬೇಡ. ಲೆನ್ಸಿನ ಮೇಲೆ ಆ ಮಬ್ಬು ಕೂತರೆ ಮೊದಲು ಸೋಲುವುದು ಎರಡು ಪದರದ ಡಿವಿಡಿ, ಅಂದರೆ ಮಾಹಿತಿಯನ್ನು ಒಂದರ ಮೇಲೊಂದು ಎರಡು ಪದರಗಳಲ್ಲಿ ಬರೆದದ್ದು. ಒಂದು ಪದರದ ಡಿವಿಡಿ ತನ್ನ ಮೇಲೆ ಬಿದ್ದ ಬೆಳಕಿನ ಶೇಕಡಾ 45ಕ್ಕಿಂತ ಹೆಚ್ಚನ್ನು ಹಿಂದಿರುಗಿಸುತ್ತದೆ, ಎರಡು ಪದರದ್ದು 18ರಿಂದ 30ರಷ್ಟು ಮಾತ್ರ. ‘ಗಾಡ್ ಆಫ್ ವಾರ್’ ಎರಡು ಪದರದ ಡಿಸ್ಕ್. ಅದಕ್ಕೆ ಗೀರಿನ ಕಾಟವೂ ಇದೆ, ಮಬ್ಬಿನ ಕಾಟವೂ ಇದೆ.

ಲೆನ್ಸ್ ಒರೆಸುವುದು ಸ್ಲಿಮ್ ಮಾದರಿಯಲ್ಲಿ ಬಹಳ ಸುಲಭ, ಮುಚ್ಚಳ ಎತ್ತಿದರೆ ಎದುರಿಗೇ ಕಾಣುತ್ತದೆ. ವಿದ್ಯುತ್ ಪ್ಲಗ್ ಕಿತ್ತಿಡಿ. ಮೊಬೈಲ್ ರಿಪೇರಿಯವರ ಬಳಿ ಐಪಿಎ ಎಂಬ ದ್ರವ ಇರುತ್ತದೆ, ಅಂದರೆ ಐಸೊಪ್ರೊಪೈಲ್ ಆಲ್ಕೊಹಾಲ್, 99 ಶೇಕಡಾದ್ದು ಕೇಳಿ. ಔಷಧಿ ಅಂಗಡಿಯ ಸ್ಪಿರಿಟ್ ಬೇಡ, ನೀರು ಬೆರೆತಿರುತ್ತದೆ, ಆರಿದ ಮೇಲೆ ಕಲೆ ಉಳಿಯುತ್ತದೆ. ಕಿವಿಗೆ ಹಾಕುವ ಹತ್ತಿಯ ಕಡ್ಡಿಯನ್ನು ಅದರಲ್ಲಿ ತೋಯಿಸಿ, ಹಿಂಡಿ, ಲೆನ್ಸಿನ ಮೇಲೆ ಒತ್ತದೆ ಸುತ್ತು ಹಾಕಿ. ಲೆನ್ಸ್ ಕೂದಲೆಳೆಯಂಥ ತಂತಿಗಳ ಮೇಲೆ ತೂಗುತ್ತಿರುತ್ತದೆ. ಬೆರಳು ತಾಗಿದರೂ ಅಲುಗುತ್ತದೆ, ಅಲುಗುವುದು ಸಹಜ, ಹೆದರಬೇಡಿ. ಇನ್ನೊಂದು ಒಣ ಕಡ್ಡಿಯಿಂದ ಒರೆಸಿ, ಪೂರ್ತಿ ಆರಿದ ಮೇಲೆ ಪ್ಲಗ್ ಹಾಕಿ. ಬ್ರಷ್ ಇರುವ ಲೆನ್ಸ್ ಕ್ಲೀನರ್ ಡಿಸ್ಕ್ ಮಾರುತ್ತಾರೆ, ಅದನ್ನು ತರಬೇಡಿ. ಮುಚ್ಚಳದ ಸ್ವಿಚ್ಚನ್ನು ಕಡ್ಡಿಯಿಂದ ಒತ್ತಿ ಲೇಸರ್ ಉರಿಯುತ್ತದೆಯೇ ಎಂದು ಬಗ್ಗಿ ನೋಡುವ ಹುಡುಗರಿರುತ್ತಾರೆ, ನಿಮ್ಮ ಸೋದರಳಿಯನಿಗೆ ಅದನ್ನು ಖಡಾಖಂಡಿತವಾಗಿ ಬೇಡವೆಂದು ಹೇಳಿ. ಒಂದು ಬೆಳಕು ಕಣ್ಣಿಗೇ ಕಾಣುವುದಿಲ್ಲ, ಕಾಣದಿದ್ದರೂ ಕಣ್ಣು ಕೆಡಿಸುತ್ತದೆ.

ಪಟ್ಟಿ ಸರಿಪಡಿಸಲು ಮಾತ್ರ ಯಂತ್ರ ಬಿಚ್ಚಬೇಕು. ತಳದ ರಬ್ಬರುಗಳ ಕೆಳಗೆ ತಿರುಪುಗಳಿವೆ. ಮೇಲಿನ ಕವಚವನ್ನು ಎಳೆದು ಎತ್ತಬೇಡಿ. ಒಳಗೆ ಬೇರೆ ತೆಳು ಪಟ್ಟಿಗಳೂ ಇವೆ, ಹರಿಯುತ್ತವೆ. ನಂತರ ಲೆನ್ಸಿನ ಪಟ್ಟಿಯ ಮಡಿಕೆಯನ್ನು ಕೆಳಕ್ಕೆ ಒತ್ತಿ, ಅದು ಮೇಲೇಳದಂತೆ ಒಂದು ತುಂಡು ಟೇಪ್ ಹಚ್ಚಬೇಕು. ಕಂದು ಬಣ್ಣದ ಶಾಖ ತಾಳುವ ಟೇಪ್ ಇರುತ್ತದೆ, ಅದೇ ಒಳ್ಳೆಯದು, ಸಾದಾ ಟೇಪಿನ ಅಂಟು ಬೇಸಿಗೆಯಲ್ಲಿ ಜಾರುತ್ತದೆ. ಲೆನ್ಸ್ ಎರಡೂ ತುದಿಗೆ ಸರಾಗವಾಗಿ ಹೋಗುವಷ್ಟು ಸಡಿಲು ಉಳಿದಿರಲಿ. ಪಟ್ಟಿ ಸವೆದು ಒಳಗಿನ ತಾಮ್ರ ಕಾಣುತ್ತಿದ್ದರೆ ಟೇಪ್ ಹಚ್ಚಿ ಓಡಿಸಬೇಡಿ, ಪಟ್ಟಿಯನ್ನೇ ಬದಲಿಸಿ. ಬಯಲಾದ ತಂತಿ ಒಂದಕ್ಕೊಂದು ತಾಗಿದರೆ ಬೋರ್ಡಿನ ಚಿಪ್ ಸುಡುತ್ತದೆ, ಆಗ ಟೇಪಿನ ಕೆಲಸ ಬೋರ್ಡಿನ ಕೆಲಸವಾಗುತ್ತದೆ. ಬಿಡಿಭಾಗಕ್ಕೆ ಹೈದರಾಬಾದಿನ ಕೋಠಿಯ ಗುಜರಾತಿ ಗಲ್ಲಿಯಲ್ಲಿ ವಿಚಾರಿಸಿ. ಅದು ಸರಿಯಾಗುವವರೆಗೆ ಒಂದೂ ಒಳ್ಳೆಯ ಡಿಸ್ಕ್ ಹಾಕಬೇಡಿ.

ಭೀಮಾ ದಂಡೆ, ಯಾದಗಿರಿ

ಕಾಕಾ, ತಿರುಪಿನ ಮಾತು ಒಪ್ಪಿದೆ. ಗೆಳೆಯನನ್ನು ಕೇಳಿದೆ, ಆ ಯಂತ್ರ ಈಗ ಯಾವ ಡಿಸ್ಕನ್ನೂ ಓದುವುದಿಲ್ಲವಂತೆ. ಆದರೆ ಟೂತ್‌ಪೇಸ್ಟಿನಿಂದ ನನ್ನ ಡಿಸ್ಕ್ ಓಡಿದ್ದು ಕಣ್ಣಾರೆ ಕಂಡದ್ದು. ಅದನ್ನು ಹೇಗೆ ಅಲ್ಲಗಳೆಯಲಿ? ಚಿಪ್ ಹಾಕಿಸುವುದರಲ್ಲಿ ತಪ್ಪೇನು ಎಂಬುದನ್ನೂ ಹೇಳಿ.

ರಿಪೇರಿ ಕಾಕಾ, ಬೀದರ್

ಅಲ್ಲಗಳೆಯಬೇಡ ತಮ್ಮಾ, ನೀನು ಕಂಡದ್ದು ಸರಿ. ಟೂತ್‌ಪೇಸ್ಟಿನಲ್ಲಿ ಹಲ್ಲು ಉಜ್ಜುವ ನುಣುಪು ಪುಡಿ ಇರುತ್ತದೆ, ಅದು ಪ್ಲಾಸ್ಟಿಕ್ಕನ್ನು ತೆಳುವಾಗಿ ಕೆರೆದು ಗೀರಿನ ಚೂಪು ಅಂಚನ್ನು ಸವರುತ್ತದೆ. ಉಗುರಿಗೆ ತಾಗದ ಮೇಲ್ಮೇಲಿನ ಗೀರಿಗೆ ಅದು ಕೆಲಸ ಮಾಡುತ್ತದೆ. ಉಗುರು ಎಳೆದಾಗ ಟಕ್ಕೆಂದು ಸಿಕ್ಕಿಕೊಳ್ಳುವ ಗೀರಿಗೆ ಅದರಿಂದ ಉಪಯೋಗವಿಲ್ಲ, ಬದಲಿಗೆ ಡಿಸ್ಕ್ ತುಂಬ ಮಬ್ಬು ಹರಡುತ್ತದೆ. ಉಜ್ಜುವುದಿದ್ದರೆ ಕೇಂದ್ರದಿಂದ ಅಂಚಿಗೆ ನೇರವಾಗಿ ಉಜ್ಜಬೇಕು, ದುಂಡಗೆ ಎಂದೂ ಅಲ್ಲ. ಹೆಸರು ಅಚ್ಚಾದ ಬದಿಯಲ್ಲಿ ಗೀರಿದ್ದರೆ ಯಾವ ಪೇಸ್ಟೂ ಬೇಡ. ಸಿಡಿಯನ್ನು ದೀಪಕ್ಕೆ ಹಿಡಿದಾಗ ಸೂಜಿ ತೂತಿನಂತೆ ಬೆಳಕು ಕಂಡರೆ ಅಲ್ಲಿನ ಮಾಹಿತಿ ಹೋಯಿತು, ಮರಳುವುದಿಲ್ಲ.

ಚಿಪ್ಪಿನ ಮಾತು. ಕಾಪಿ ಡಿಸ್ಕ್ ಕಾನೂನಿಗೆ ವಿರುದ್ಧ, ಅದು ಒಂದು. ನನ್ನ ಕಸುಬಿನ ಮಾತೂ ಒಂದಿದೆ: ಆ ಚಿಪ್ಪಿಗಾಗಿ ಬೋರ್ಡಿನ ಮೇಲೆ ಕೂದಲೆಳೆಯಂಥ ತಂತಿಗಳನ್ನು ಬೆಸುಗೆ ಹಾಕುತ್ತಾರೆ. ಕೈ ಒಂದಿಷ್ಟು ನಡುಗಿದರೂ ಚೆನ್ನಾಗಿರುವ ಯಂತ್ರ ಹಾಳು. ಡಿಸ್ಕ್ ಓದದ ರೋಗಕ್ಕೆ ಚಿಪ್ ಮದ್ದೇ ಅಲ್ಲ. ಪಟ್ಟಿ ಉಬ್ಬಿದ್ದರೆ ಚಿಪ್ ಹಾಕಿದ ಮೇಲೂ ಉಬ್ಬಿಯೇ ಇರುತ್ತದೆ, ಹೊಸ ಡಿಸ್ಕನ್ನೂ ಗೀರುತ್ತದೆ.

ಗಣಿತದಕ್ಕ, ಕಲಬುರಗಿ

ಕಾಕಾ, ಕೆಲಸ ಆಯಿತು. ಜಗತ್ ವೃತ್ತದ ಬಳಿ ಮೊಬೈಲ್ ರಿಪೇರಿ ಮಾಡುವ ಹುಡುಗನೊಬ್ಬ ನಿಮ್ಮ ಬರಹವನ್ನು ಮೊದಲಿನಿಂದ ಕೊನೆಯವರೆಗೆ ಓದಿ, ನನ್ನ ಎದುರಿಗೇ ಬಿಚ್ಚಿದ. ಪಟ್ಟಿಯ ಮಡಿಕೆಯ ಬೆನ್ನು ಡಿಸ್ಕಿಗೆ ಉಜ್ಜಿ ಉಜ್ಜಿ ಹೊಳಪು ಬಂದಿತ್ತು, ತಾಮ್ರ ಮಾತ್ರ ಕಾಣುತ್ತಿರಲಿಲ್ಲ. ಕಂದು ಟೇಪ್ ಹಚ್ಚಿದ. ಲೆನ್ಸ್ ಒರೆಸಿದ ಹತ್ತಿ ಬೂದಿ ಬಣ್ಣಕ್ಕೆ ತಿರುಗಿತು. ಮತ್ತೆ ಮಾರ್ಕರ್ ಗೆರೆ ಎಳೆದು ಓಡಿಸಿದೆವು, ಗೆರೆ ಅಖಂಡವಾಗಿ ಉಳಿದಿದೆ.

ಗೆರೆ ಬೀಳದ ಡಿವಿಡಿಗಳೆಲ್ಲ ಈಗ ತಡವಿಲ್ಲದೆ ಶುರುವಾಗುತ್ತಿವೆ. ಗೀರು ಬಿದ್ದವುಗಳಲ್ಲಿ ಕೆಲವು ಓಡುತ್ತವೆ. ‘ಗಾಡ್ ಆಫ್ ವಾರ್’ ಇನ್ನೂ ಅದೇ ಬಾಗಿಲ ಬಳಿ ನಿಲ್ಲುತ್ತದೆ. ಅದರ ಗೆರೆಗೆ ಉಗುರು ಸಿಕ್ಕಿಕೊಳ್ಳುತ್ತದೆ, ಆದ್ದರಿಂದ ಪೇಸ್ಟ್ ಹಚ್ಚಲು ಹೋಗಲಿಲ್ಲ. ಹೇಗೂ ಅದು ದೊಡ್ಡವರ ಆಟ, ಹುಡುಗನಿಗಿಂತ ತಮ್ಮನೇ ಅದಕ್ಕಾಗಿ ಹೆಚ್ಚು ಬೇಸರಪಟ್ಟ. ಯಂತ್ರವನ್ನು ಕೂಲರಿನಿಂದ ದೂರ, ಒಳಗಿನ ಗೋಡೆಯ ಕಪಾಟಿನ ಮೇಲೆ ಇಟ್ಟಿದ್ದೇನೆ. ಒಂದು ಸಣ್ಣ ವಿಷಯ ಉಳಿದಿದೆ: ಪ್ಲಗ್ ಕಿತ್ತಾಗಲೆಲ್ಲ ದಿನಾಂಕ, ಸಮಯ ಮತ್ತೆ ಕೇಳುತ್ತದೆ.

ರಿಪೇರಿ ಕಾಕಾ, ಬೀದರ್

ಒಳಗೆ ಸಿಆರ್2032 ಎಂಬ ನಾಣ್ಯದಾಕಾರದ ಬ್ಯಾಟರಿ ಮುಗಿದಿದೆ. ಆಟಕ್ಕೆ ಅಡ್ಡಿಯಿಲ್ಲ, ಮತ್ತೊಮ್ಮೆ ಬಿಚ್ಚುವ ಪ್ರಸಂಗ ಬಂದಾಗ ಬದಲಿಸಿದರೆ ಸಾಕು. ಆಟ ಉಳಿಯುವುದು 8 ಎಂಬಿಯ ಮೆಮೊರಿ ಕಾರ್ಡಿನಲ್ಲಿ, ಅದಕ್ಕೂ ಈ ಬ್ಯಾಟರಿಗೂ ಸಂಬಂಧವಿಲ್ಲ. ಆದರೆ ಕಪ್ಪು ಡಿಸ್ಕಿನ ಹಳೆಯ ಆಟಗಳನ್ನು ಉಳಿಸಲು ಮೊದಲನೆಯ ಪ್ಲೇಸ್ಟೇಷನ್ನಿನ ಕಾರ್ಡೇ ಬೇಕು, ಪಿಎಸ್2 ಕಾರ್ಡಿನಲ್ಲಿ ಅವು ನೇರವಾಗಿ ಉಳಿಯುವುದಿಲ್ಲ. ಹುಡುಗ ಅಂಥದ್ದನ್ನು ಆಡುತ್ತಿದ್ದರೆ ಈಗಲೇ ಹುಡುಕಿಕೊಡಿ, ಇಲ್ಲದಿದ್ದರೆ ಪಾಪ, ದಿನಾ ಮೊದಲಿನಿಂದ ಆಡಬೇಕಾಗುತ್ತದೆ.